ಪಿಯೆರೋಗಿಯೊಳಗೆ ಮಾಫೆ ತುಂಬಿದರೆ ಬಾಯಿ ಬಿಡುತ್ತಿವೆ, ಏನು ಮಾಡೋದು?

ಮಡಿಕೇರಿ_ಮಳೆ:
ಪೋಲೆಂಡಿನ ಪಿಯೆರೋಗಿಗೆ (ಹೂರಣ ತುಂಬಿ ನೀರಲ್ಲಿ ಬೇಯಿಸೋ ಮೈದಾ ಕಡುಬು) ಸೆನೆಗಲ್, ಮಾಲಿ ಕಡೆಯ ಮಾಫೆಯನ್ನು (ಕಡಲೆಬೀಜದ ಗಟ್ಟಿ ಸಾರು) ಹೂರಣವಾಗಿ ತುಂಬ್ತಾ ಇದೀನಿ. ಕಣಕಕ್ಕೆ ಮೈದಾ 300 ಗ್ರಾಂ, ತಣ್ಣೀರು 170 ಮಿ.ಲೀ. ಕುದಿಯುವ ನೀರಿಗೆ ಬಿಟ್ಟ ಕೂಡಲೇ ಅರ್ಧದಷ್ಟು ಬಾಯಿ ಬಿಡ್ತವೆ, ಉಳಿದವುಗಳ ಅಂಚು ಹಸಿಹಸಿ. ಕೆಂಪು ತಾಳೆಎಣ್ಣೆ, ಸ್ಕಾಚ್ ಬಾನೆಟ್ ಮೆಣಸು ಇಲ್ಲಿ ಸಿಗಲ್ಲ, ಬದಲಿಗೆ ಏನು ಹಾಕಬಹುದು?

ಬೆಟ್ಟದ_ಒಲೆ:
ಮಾಫೆಯನ್ನು ಒಳಗೆ ತುಂಬಲೇಬೇಡಿ. ಅದು ಹದಕ್ಕೆ ಬಂತು ಅನ್ನೋದೇ ಎಣ್ಣೆ ಮೇಲೆ ತೇಲಿದಾಗ. ಆ ಎಣ್ಣೆ ಒಂದು ತೊಟ್ಟು ಅಂಚಿಗೆ ಸೋಕಿದರೂ ಹಿಟ್ಟಿಗೆ ಹಿಟ್ಟು ಕಚ್ಚಿಕೊಳ್ಳಲ್ಲ, ಎಷ್ಟು ಒತ್ತಿದರೂ ಅಷ್ಟೇ. ಮಾಫೆ ತಟ್ಟೆಯಲ್ಲಿ ಕೆಳಗಿರಲಿ, ಕಡುಬು ಅದರ ಮೇಲೆ ಕೂರಲಿ.

ಒಳಗೆ ಪೋಲೆಂಡಿನವರ ಆಲೂಗಡ್ಡೆ-ಚೀಸ್ ಹೂರಣವನ್ನೇ ಇಟ್ಟುಕೊಂಡು, ನೈಜೀರಿಯಾದ ಸುಯಾ ಪುಡಿಯ (ಕಡಲೆಬೀಜದ ಖಾರದ ಮಸಾಲೆ) ರುಚಿ ಕೊಡಿ. ಸಿಪ್ಪೆ ಸಮೇತ ಹಬೆಯಲ್ಲಿ ಬೆಂದ ಆಲೂಗಡ್ಡೆ 350 ಗ್ರಾಂ, ಚೆನ್ನಾಗಿ ಹಿಂಡಿದ ಪನೀರ್ 120 ಗ್ರಾಂ. ಆಲೂಗಡ್ಡೆಯನ್ನು ಬಿಸಿಯಿದ್ದಾಗಲೇ ಕೈಯಲ್ಲಿ ಹಿಸುಕಿ. ಮಿಕ್ಸಿಗೆ ಹಾಕಿದರೆ ಗೋಂದು ಆಗುತ್ತೆ. ಪುಡಿಗೆ 4 ಚಮಚ ಹುರಿದ ಕಡಲೆಬೀಜವನ್ನು ಆರಿಸಿ, ನಿಲ್ಲಿಸಿ ನಿಲ್ಲಿಸಿ ತರಿಯಾಗಿ ಪುಡಿ ಮಾಡಿ ಬಟ್ಟೆಯಲ್ಲಿ ಕಟ್ಟಿ ಒತ್ತಿ ಎಣ್ಣೆ ತೆಗೀರಿ (ಅಲ್ಲಿ ಇದಕ್ಕೆ ಎಣ್ಣೆ ತೆಗೆದ ಹಿಂಡಿಯನ್ನೇ ಬಳಸ್ತಾರೆ). ಒಣಶುಂಠಿ 1 ಚಮಚ, ಖಾರದ ಪುಡಿ 1 ಚಮಚ, ನಮ್ಮ ತೋಟದ ಕಾಳುಮೆಣಸು ಅರ್ಧ ಚಮಚ, ಉಪ್ಪು. ಹೂರಣ ಪೂರ್ತಿ ತಣ್ಣಗಾಗಲಿ. ಬಿಸಿಯಿದ್ದರೆ ಒಳಗಿನ ಹಬೆ ನೀರಾಗಿ ಕಣಕ ಒದ್ದೆಯಾಗುತ್ತೆ.

ಕಣಕ_ಹೂರಣ:
ಮೇಲಿನ ಉತ್ತರ ಸರಿ, ಆದರೆ ಅರ್ಧ ತಪ್ಪು ಕಣಕದಲ್ಲೇ ಇದೆ. 300 ಗ್ರಾಂಗೆ 170 ಜಾಸ್ತಿ. ಮಳೆಗಾಲದಲ್ಲಿ ನಮ್ಮ ಕಡೆ ಮೈದಾನೇ ತೇವ ಹೀರಿರುತ್ತೆ, 140ರಿಂದ ಶುರು ಮಾಡಿ, ಬೇಕಾದರೆ ಒಂದೊಂದೇ ಚಮಚ ಸೇರಿಸಿ. ಮತ್ತೆ ತಣ್ಣೀರಲ್ಲ, ಕೈ ಸುಡುವಷ್ಟು ಬಿಸಿನೀರು. ಬಿಸಿನೀರಿಗೆ ಹಿಟ್ಟಿನ ಗಂಜಿ ಸ್ವಲ್ಪ ಬೆಂದು ಜಿಗುಟು ಇಳಿಯುತ್ತೆ; ಲಟ್ಟಿಸಿದ ಹಾಳೆ ಹಿಂದಕ್ಕೆ ಎಳೆದುಕೊಳ್ಳಲ್ಲ. ಎಣ್ಣೆ ಒಂದೂವರೆ ದೊಡ್ಡ ಚಮಚ, ಉಪ್ಪು ಅರ್ಧ ಚಮಚ. ಎಂಟು ನಿಮಿಷ ನಾದಿ ಅರ್ಧ ಗಂಟೆ ಮುಚ್ಚಿಡಿ. 2ರಿಂದ 3 ಮಿ.ಮೀ. ದಪ್ಪ ಲಟ್ಟಿಸಿ 8 ಸೆಂ.ಮೀ. ಬಿಲ್ಲೆ ಕತ್ತರಿಸಿ, ಒಂದಕ್ಕೆ ಹೂರಣ ಎರಡು ಚಿಕ್ಕ ಚಮಚಕ್ಕಿಂತ ಹೆಚ್ಚು ಬೇಡ. ಅಂಚಿಗೆ ಒಣಹಿಟ್ಟು ತಾಗಿದ್ದರೆ ಒರೆಸಿ, ಗಾಳಿ ಹೊರಗೆ ತಳ್ಳುತ್ತಾ ಮಧ್ಯದಿಂದ ಬದಿಗೆ ಒತ್ತುತ್ತಾ ಹೋಗಿ.

ಅಂಚು ಹಸಿಯಾಗಿರೋದಕ್ಕೆ ಕಾರಣ: ಅಲ್ಲಿ ಹಿಟ್ಟು ಎರಡು ಪದರ. ಜೊತೆಗೆ ಮಡಿಕೇರಿಯಷ್ಟು ಎತ್ತರದಲ್ಲಿ ನೀರು ಸುಮಾರು 96 ಡಿಗ್ರಿಗೇ ಕುದಿಯುತ್ತೆ. ತೇಲಿದ ಮೇಲೆ ಎರಡಲ್ಲ, ಮೂರು ನಿಮಿಷ ಬಿಡಿ. ಒಮ್ಮೆಗೆ ಎಂಟು-ಹತ್ತು ಸಾಕು. ನೀರು ಮೆಲ್ಲಗೆ ಕುದೀತಿರಲಿ, ಧಡಧಡ ಕುದಿದರೆ ಒಂದಕ್ಕೊಂದು ಬಡಿದು ಒಡೀತವೆ.

ಬೆಟ್ಟದ_ಒಲೆ:
ಬದಲಿ ಸಾಮಾನಿನ ವಿಷಯ. ಮಾಫೆಗೆ ತಾಳೆಎಣ್ಣೆ ಬೇಕೇಬೇಕು ಅಂತಿಲ್ಲ, ಕಡಲೆಬೀಜದ ಎಣ್ಣೆ ಸಾಕು. ಅಂಗಡಿಯ ಪಾಮೋಲಿನ್ ಬೇಡ, ಶುದ್ಧೀಕರಿಸುವಾಗ ಅದರ ಕೆಂಪೂ ವಾಸನೆಯೂ ಹೋಗಿರುತ್ತೆ. ಮೆಣಸಿಗೆ ಪರಂಗಿ ಮೆಣಸು (ಗಾಂಧಾರಿ) ಮೂರ್ನಾಲ್ಕು, ಸೀಳದೆ ಇಡಿಯಾಗಿ ಹಾಕಿ, ಕೊನೆಗೆ ತೆಗೆದುಬಿಡಿ. ಸ್ಕಾಚ್ ಬಾನೆಟ್‌ನ ಹಣ್ಣಿನ ಪರಿಮಳ ಇದರಲ್ಲಿಲ್ಲ, ಖಾರ ಮಾತ್ರ ಬರುತ್ತೆ.

ಈರುಳ್ಳಿ 1, ಟೊಮೆಟೊ 3, ಶುಂಠಿ-ಬೆಳ್ಳುಳ್ಳಿ ಬಾಡಿಸಿ, ಸಕ್ಕರೆಯಿಲ್ಲದ ಕಡಲೆಬೀಜದ ಪೇಸ್ಟ್ 100 ಗ್ರಾಂ ಅನ್ನು ಮೊದಲು ಬಿಸಿನೀರಲ್ಲಿ ಕದಡಿ ಸೇರಿಸಿ. ನೇರ ಹಾಕಿದರೆ ಗಂಟು ಕಟ್ಟುತ್ತೆ. ಒಟ್ಟು ನೀರು 400 ಮಿ.ಲೀ., ಸಣ್ಣ ಉರಿಯಲ್ಲಿ 25 ನಿಮಿಷ. ಕಡಲೆಬೀಜ ತಳ ಹಿಡಿಯೋದು ಬೇಗ, ಸೌಟು ಆಡಿಸ್ತಾ ಇರಿ.

ಮಡಿಕೇರಿ_ಮಳೆ:
ಹುಳಿಗೆ ನಮ್ಮ ಕೊಡಗಿನ ಕಾಚಂಪುಳಿ (ಕಪ್ಪು ಹುಳಿರಸ) ನಡೆಯುತ್ತಾ? ಹಿಂದಿನ ದಿನವೇ ಮಾಡಿಡಬಹುದಾ?

ಕಣಕ_ಹೂರಣ:
ಕಾಚಂಪುಳಿ ಮಾಫೆಗೆ ಬೇಡ. ಬಣ್ಣ ಕಪ್ಪಾಗಿ ಕಡಲೆಬೀಜದ ರುಚಿ ಮುಚ್ಚಿಹೋಗುತ್ತೆ. ಪಿಯೆರೋಗಿ ಮೇಲೆ ಹಾಕೋ ಹುರಿದ ಈರುಳ್ಳಿಗೆ ನಾಲ್ಕು ಹನಿ ಹಾಕಿ ನೋಡಿ, ಚೆನ್ನಾಗಿರುತ್ತೆ. ಪಿಯೆರೋಗಿ ಜೊತೆ ಕೊಡೋ ಹುಳಿಕೆನೆಯ (ಸೋರ್ ಕ್ರೀಮ್) ಜಾಗಕ್ಕೆ ನೀರು ಬಸಿದ ಗಟ್ಟಿ ಮೊಸರು.

ಹಸಿಯಾಗಿ ಫ್ರಿಜ್‌ನಲ್ಲಿ ರಾತ್ರಿಯಿಡೀ ಇಡಬೇಡಿ, ತಳ ಒದ್ದೆಯಾಗಿ ತಟ್ಟೆಗೆ ಅಂಟುತ್ತೆ. ರವೆ ಉದುರಿಸಿದ ತಟ್ಟೆಯಲ್ಲಿ ಬಿಡಿಬಿಡಿಯಾಗಿ ಫ್ರೀಜರ್‌ಗಿಟ್ಟು, ಕಲ್ಲಿನಂತೆ ಗಟ್ಟಿಯಾದ ಮೇಲೆ ಕವರ್‌ಗೆ ತುಂಬಿ. ಬೇಯಿಸುವಾಗ ಕರಗಿಸದೆ ನೇರ ಕುದಿನೀರಿಗೆ ಹಾಕಿ, ಎರಡು ನಿಮಿಷ ಹೆಚ್ಚು ಕೊಡಿ.