ಕಿವಿ ಮಂದವಿದ್ದ ಬಾಲಣ್ಣನವರ ಟೈಮಿಂಗ್ ಹೇಗೆ ಕೂಡಿಬರುತ್ತಿತ್ತು?

ಹಳೇ ರೀಲು: ನಟ ಬಾಲಣ್ಣ, ಅಂದರೆ ಟಿ.ಎನ್. ಬಾಲಕೃಷ್ಣ ಅವರಿಗೆ ಕಿವಿ ಸರಿಯಾಗಿ ಕೇಳುತ್ತಿರಲಿಲ್ಲ, ಎದುರಿನವರ ತುಟಿ ನೋಡಿಕೊಂಡು ಮಾತು ಹೇಳುತ್ತಿದ್ದರು ಅನ್ನೋದು ಗೊತ್ತಿರೋ ವಿಷಯವೇ. 1943ರ ‘ರಾಧಾರಮಣ’ದಿಂದ ಶುರುವಾಗಿ 500ಕ್ಕೂ ಹೆಚ್ಚು ಚಿತ್ರ ಮಾಡಿದರು. ಬರೀ ತುಟಿ ನೋಡಿದರೆ ಸಾಕಾಗುತ್ತಾ? ಶೂಟಿಂಗ್ ಆದ ಮೇಲೆ ಪರದೆ ನೋಡಿಕೊಂಡು ಮಾತು ಮತ್ತೆ ರೆಕಾರ್ಡ್ ಮಾಡೋ ಡಬ್ಬಿಂಗ್‌ನಲ್ಲಿ ಕಿವಿ ಕೇಳದವರು ಹೇಗೆ ನಿಭಾಯಿಸ್ತಾರೆ?

ಸೈಡ್‌ವಿಂಗ್: ತುಟಿ ಓದೋದರಿಂದ ಅರ್ಧ ಕೆಲಸವೂ ಆಗಲ್ಲ ಸಾರ್. ಕನ್ನಡಿ ಮುಂದೆ ನಿಂತು ದನಿಯಿಲ್ಲದೆ ‘ಪಾಡು, ಬಾಡು, ಮಾಡು’ ಅನ್ನಿ, ಮೂರೂ ಒಂದೇ ಥರ ಕಾಣುತ್ತೆ. ಕ, ಗ ಗಂಟಲ ಕಡೆ ಹುಟ್ಟೋ ಅಕ್ಷರಗಳು, ತುಟಿ ಅಲ್ಲಾಡೋದೇ ಇಲ್ಲ. ಹಾಗಾಗಿ ತನ್ನ ಮಾತಿನ ಜೊತೆ ಎದುರಿನವರ ಮಾತೂ ಬಾಯಿಪಾಠ ಆಗಿರಲೇಬೇಕು. ಅದು ಎಲ್ಲಿ ಮುಗಿಯಿತು ಅಂತ ಹಿಡಿಯೋದಷ್ಟೇ ಕಣ್ಣಿನ ಕೆಲಸ. ಬಾಲಣ್ಣ ಕಂಪನಿ ನಾಟಕದಿಂದ ಬಂದವರು. ಅಲ್ಲಿ ರಂಗದ ಪಕ್ಕದ ಮರೆಯಿಂದ (ವಿಂಗ್) ಪ್ರಾಂಪ್ಟರ್ ಹೇಳಿಕೊಡೋದನ್ನೇ ನಂಬಿ ರಂಗಕ್ಕೆ ಹೋಗೋರೂ ಇದ್ದರು. ಕಿವಿ ಮಂದ ಇದ್ದವರಿಗೆ ಆ ಆಸರೆ ಎಲ್ಲಿ? ತಾಲೀಮೇ ಗತಿ. ಎದುರಿನವರು ಕೊನೇ ಪದ ಬದಲಾಯಿಸಿದರೋ, ಬೆನ್ನು ತಿರುಗಿಸಿ ಮಾತಾಡಿದರೋ, ಅಲ್ಲಿ ಕ್ಯೂ, ಅಂದರೆ ತನ್ನ ಮಾತು ಶುರು ಮಾಡೋ ಸುಳಿವು, ತಪ್ಪುತ್ತೆ. ಮೂವರು ಒಟ್ಟಿಗೆ ಬಾಯಿ ಹಾಕೋ ಜಗಳದ ದೃಶ್ಯವಂತೂ ಕೇಳಲೇಬೇಡಿ.

ಲೂಪ್ ಮೇಷ್ಟ್ರು: ಆ ಕಾಲದ ಡಬ್ಬಿಂಗ್ ಲೂಪ್ ಪದ್ಧತಿಯದು. ದೃಶ್ಯವನ್ನು ತುಂಡು ಮಾಡಿ, ಒಂದೊಂದು ತುಂಡಿನ ಎರಡು ತುದಿ ಅಂಟಿಸಿ, ಪ್ರೊಜೆಕ್ಟರ್‌ನಲ್ಲಿ ಸುತ್ತಿಸ್ತಾನೇ ಇರ್ತಿದ್ದರು. 35 ಎಂಎಂ ಫಿಲ್ಮು ಸೆಕೆಂಡಿಗೆ 24 ಫ್ರೇಮು, ಅಂದರೆ ಒಂದೂವರೆ ಅಡಿ ಓಡುತ್ತೆ. 30 ಅಡಿ ಲೂಪ್ ಆದರೆ 20 ಸೆಕೆಂಡಿಗೊಮ್ಮೆ ಅದೇ ಮಾತು ಮತ್ತೆ ಬರುತ್ತೆ. ಫಿಲ್ಮಿನ ಮೇಲೆ ಮೊದಲೇ ಓರೆಗೆರೆ ಎಳೆದಿಟ್ಟರೆ ಅದು ಪರದೆಯ ಈ ಅಂಚಿನಿಂದ ಆ ಅಂಚಿಗೆ ಜಾರುತ್ತೆ. ಅಂಚು ಮುಟ್ಟಿದ ಕ್ಷಣ ಮಾತು ಶುರು. ಇದೆಲ್ಲ ಕಣ್ಣಿನ ಲೆಕ್ಕ, ಹಾಗಾಗಿ ಕಿವಿ ಮಂದ ಇದ್ದವರಿಗೆ ಸೆಟ್ಟಿಗಿಂತ ಡಬ್ಬಿಂಗ್ ಕೋಣೆಯೇ ವಾಸಿ ಅಂತ ನನ್ನ ಲೆಕ್ಕಾಚಾರ. ತೊಡಕಿರೋದು ದನಿಯ ಏರಿಳಿತದಲ್ಲಿ. ಪೈಲಟ್ ಟ್ರ್ಯಾಕ್ (ಸೆಟ್ಟಿನಲ್ಲೇ ಗುರುತಿಗೆ ಹಿಡಿದಿಟ್ಟ ದನಿ) ಕೇಳಿಸದಿದ್ದರೆ, ಸೆಟ್ಟಿನಲ್ಲಿ ಗದರಿದ್ದೋ ಗೊಣಗಿದ್ದೋ ಅನ್ನೋದನ್ನ ನೆನಪಿನಿಂದಲೇ ತರಬೇಕು. ಆರು ಫ್ರೇಮು ತಡವಾದರೆ ಕಾಲು ಸೆಕೆಂಡು. ಅಷ್ಟು ಸಾಕು, ತುಟಿ ಬೇರೆ ಮಾತು ಬೇರೆ ಅಂತ ಪ್ರೇಕ್ಷಕ ಹಿಡಿದುಬಿಡ್ತಾನೆ.

ಹಳೇ ರೀಲು: ಇದನ್ನ ಗಮನಿಸೋಕೆ ಯಾವ ಪಾತ್ರ ನೋಡಲಿ?

ಸೈಡ್‌ವಿಂಗ್: ‘ಬಂಗಾರದ ಮನುಷ್ಯ’ದ ರಾಚೂಟಪ್ಪ. ಖಳ, ಹಾಸ್ಯ ಎರಡಕ್ಕೂ ಹೆಸರಾದವರು ಅಲ್ಲಿ ತೂಕದ ಹಿರಿಯನಾಗಿದ್ದಾರೆ. ರಾಜ್‌ಕುಮಾರ್ ಮತ್ತು ಅವರು ಒಂದೇ ಚೌಕಟ್ಟಿನಲ್ಲಿರೋ ಶಾಟ್ ಹಿಡಿದು, ಮೊದಲು ದನಿ ಬಂದ್ ಮಾಡಿ ಬಾಲಣ್ಣನ ಕಣ್ಣನ್ನಷ್ಟೇ ನೋಡಿ, ಆಮೇಲೆ ದನಿ ಹಾಕಿ. ಕ್ಲೋಸಪ್‌ಗಳಲ್ಲಿ ಏನೂ ತಿಳಿಯಲ್ಲ, ಅಲ್ಲಿ ಟೈಮಿಂಗ್ ಎಡಿಟರ್ ಕೈಯಲ್ಲಿರುತ್ತೆ.

ಲೂಪ್ ಮೇಷ್ಟ್ರು: ಯೂಟ್ಯೂಬ್ ಪ್ರತಿ ಆದರೆ ಮೊದಲು ಬಾಗಿಲು ಬಡಿಯೋ ಶಾಟ್ ಒಂದನ್ನು ನೋಡಿಕೊಳ್ಳಿ. ಅಲ್ಲೇ ಸದ್ದು ಹಿಂದೆಮುಂದೆ ಆಗಿದ್ದರೆ ಬೇರೆ ಪ್ರತಿ ಹುಡುಕಿ.