ಭತ್ತದ ವ್ಯವಹಾರದ ಕರೆ ರೆಕಾರ್ಡ್: ನನ್ನ ಮಾತಷ್ಟೇ ಬರ್ತದ, ಆ ಕಡೆಯವರದು ಬರವಲ್ದು

ಸಿಂಧನೂರು_ಭತ್ತ:
ಎಲ್ಲರಿಗೂ ನಮಸ್ಕಾರ. ದರ, ಚೀಲದ ಲೆಕ್ಕ, ರೊಕ್ಕ ಕೊಡೋ ದಿನ, ಎಲ್ಲಾ ಫೋನ್‌ನಾಗೇ ಮಾತಾಗ್ತದ. ಲಾರಿ ಹೋದ ಮ್ಯಾಲ "ಹಂಗ ಅಂದೇ ಇಲ್ಲ" ಅಂದ್ರ ಕೈಯಾಗ ಏನೂ ಇರಂಗಿಲ್ಲ. ಅದಕ್ಕ ರೆಕಾರ್ಡ್ ಮಾಡೋ ಆ್ಯಪ್ ಒಂದು ಹಾಕೀನಿ. ಫೈಲ್ ಬರ್ತದ, ಆದ್ರ ನನ್ನ ದನಿ ಅಷ್ಟೇ. ಕೆಲವದರಾಗ ಸದ್ದೇ ಇಲ್ಲ. ಫೋನ್ ಆಂಡ್ರಾಯ್ಡ್ 13, ಒಳಗ ಇರೋದು ಗೂಗಲ್ ಡಯಲರ್ (ಕರೆ ಮಾಡೋ ಫೋನ್ ಆ್ಯಪ್). ಅದರಾಗ ರೆಕಾರ್ಡ್ ಒತ್ತಿದ್ರ 'ರೆಕಾರ್ಡ್ ಆಗ್ತದ' ಅಂತ ಇಬ್ಬರಿಗೂ ಕೇಳಂಗ ಹೇಳಿಬಿಡ್ತದ. ಯಾವ ಆ್ಯಪ್ ಚಲೋ? ತಕರಾರು ಆದ್ರ ಈ ಫೈಲ್ ಕೋರ್ಟ್‌ನಾಗ ನಡೀತದೇನ್ರಿ?

ರಾಯಚೂರು_ಮೊಬೈಲ್_ಸರ್ವಿಸ್:
ಆ್ಯಪ್ ಬದಲಿಸಿದ್ರ ಬಗೆಹರಿಯೋ ಮಾತಲ್ಲ ಅಣ್ಣಾರ. ಹೊರಗಿನ ಆ್ಯಪ್‌ಗೆ ಕರೆಯ ದನಿ ನೇರ ಸಿಗದಂಗ ಆಂಡ್ರಾಯ್ಡ್ 9ರಾಗ, ಅಂದ್ರ 2018ರಾಗೇ ಗೂಗಲ್ ಬಾಗಿಲು ಹಾಕ್ಯದ. ಆಮೇಲೆ ಆ್ಯಪ್‌ನವರು 'ಆ್ಯಕ್ಸೆಸಿಬಿಲಿಟಿ' (ಅಂಗವಿಕಲರ ಅನುಕೂಲಕ್ಕ ಇರೋ ಸೌಲಭ್ಯ) ಅನುಮತಿ ಹಿಡಿದು ಹಿಂದಿನ ಸಂದಿಯಿಂದ ನುಗ್ಗುತ್ತಿದ್ರು. 2022ರ ಮೇ 11ರಿಂದ ಪ್ಲೇ ಸ್ಟೋರ್ ಅದನ್ನೂ ನಿಷೇಧ ಮಾಡ್ತು. ಈಗ ಅವುಗಳಿಗೆ ಉಳಿದಿರೋದು ಮೈಕ್ ಒಂದೇ. ಮೈಕ್ ನಿಮ್ಮ ಬಾಯಿ ಹತ್ತಿರ, ಆ ಕಡೆಯವರ ದನಿ ಬರೋದು ಕಿವಿಗೆ ಹಚ್ಚೋ ಸ್ಪೀಕರ್‌ನಾಗ. ಸ್ಪೀಕರ್ ದನಿ ಮೈಕ್‌ಗೆ ಮರಳಿ ಹೋಗಬಾರದು ಅಂತ ಫೋನೇ ಅದನ್ನು ಸೋಸಿ ತೆಗೀತದ. ಹಿಂಗಾಗಿ ಅರ್ಧ ಮಾತು. ಎಷ್ಟೋ ಫೋನ್‌ನಾಗ ಕರೆ ನಡೆದಾಗ ಮೈಕ್ ಡಯಲರ್‌ಗೆ ಮಾತ್ರ ಮೀಸಲು, ಹೊರಗಿನ ಆ್ಯಪ್‌ಗೆ ಬರೀ ಮೌನ ಸಿಗ್ತದ. ಸಮಯ ಓಡ್ತದ, ಫೈಲ್ ಉಳೀತದ, ಒಳಗ ಏನಿಲ್ಲ.

ಇನ್ನೊಂದು, ದಯವಿಟ್ಟು ಲಕ್ಷ್ಯ ಕೊಡ್ರಿ. "ಎರಡೂ ಕಡೆ ದನಿ ಬರ್ತದ" ಅಂತ ಟೆಲಿಗ್ರಾಂ, ಯೂಟ್ಯೂಬ್ ಲಿಂಕ್‌ನಿಂದ ಎಪಿಕೆ (ಪ್ಲೇ ಸ್ಟೋರ್ ಬಿಟ್ಟು ಹೊರಗಿಂದ ಹಾಕೋ ಆ್ಯಪ್ ಫೈಲ್) ಇಳಿಸಬ್ಯಾಡ್ರಿ. ಆ್ಯಕ್ಸೆಸಿಬಿಲಿಟಿ ಅನುಮತಿ ಕೊಟ್ರ ಆ ಆ್ಯಪ್ ಪರದೆ ಮ್ಯಾಲಿನ ಅಕ್ಷರ ಓದಬಲ್ಲದು, ನಿಮ್ಮ ಪರವಾಗಿ ಬಟನ್ ಒತ್ತಬಲ್ಲದು. ಓಟಿಪಿ, ಯುಪಿಐ ಇರೋ ಫೋನ್‌ನಾಗ ಅದು ಬ್ಯಾಡೇ ಬ್ಯಾಡ. ಈಗಾಗಲೇ ಕೊಟ್ಟಿದ್ರ ಸೆಟ್ಟಿಂಗ್ಸ್‌ನಾಗ ಆ್ಯಕ್ಸೆಸಿಬಿಲಿಟಿ ತೆಗೆದು ಮೊದಲು ಅದನ್ನ ಆಫ್ ಮಾಡ್ರಿ, ಆಮೇಲೆ ಆ್ಯಪ್ ಅಳಿಸ್ರಿ. ಖಾತೆಯಿಂದ ರೊಕ್ಕ ಹೋಗಿದ್ರ ತಡ ಮಾಡದ ಸೈಬರ್ ವಂಚನೆಯ ಸಹಾಯವಾಣಿ 1930ಕ್ಕೆ ಕರೆ ಮಾಡ್ರಿ.

ಗಂಗಾವತಿ_ರೈಸ್:
ಮೇಲಿನವರು ಹೇಳಿದ್ದು ಖರೆ. ಫೋನ್ ಕಂಪನಿಯ ಸ್ವಂತ ಡಯಲರ್, ಇಲ್ಲಾ ಫೋನ್ ಜೋಡಿ ಬಂದ ಗೂಗಲ್ ಡಯಲರ್ ಇದ್ದರಷ್ಟೇ ಎರಡೂ ದನಿ ಸ್ವಚ್ಛ ಬರ್ತಾವು. ಸ್ಯಾಮ್ಸಂಗ್ ಆದ್ರ ಫೋನ್ ಆ್ಯಪ್ ತೆಗೀರಿ, ಮೂರು ಚುಕ್ಕಿ, ಸೆಟ್ಟಿಂಗ್ಸ್, 'ರೆಕಾರ್ಡ್ ಕಾಲ್ಸ್', ಒಳಗ 'ಆಟೋ ರೆಕಾರ್ಡ್'. ಎಲ್ಲಾ ಕರೆ, ಸೇವ್ ಮಾಡದ ನಂಬರ್, ಆರಿಸಿದ ನಂಬರ್ ಅಂತ ಮೂರು ಆಯ್ಕೆ ಐತಿ. ವ್ಯವಹಾರದ ನಂಬರ್ ಅಷ್ಟೇ ಆರಿಸ್ರಿ, ಮನಿ ಮಂದಿ ಮಾತು ಯಾಕ ಬೇಕು. ಫೈಲ್ 'ರೆಕಾರ್ಡಿಂಗ್ಸ್' ಫೋಲ್ಡರ್‌ನ 'ಕಾಲ್' ಒಳಗ ಸಿಗತೈತಿ. ಗಲ್ಫ್‌ನಿಂದ ತಂದ ಸ್ಯಾಮ್ಸಂಗ್‌ನಾಗ ಈ ಆಯ್ಕೆ ಕಾಣದೇ ಇರಬಹುದು. ಅದು ದೇಶದ ಮ್ಯಾಲ ಹೋಗತೈತಿ, ಫೋನ್ ಕೆಟ್ಟಿಲ್ಲ.

ಒಪ್ಪೊ, ರಿಯಲ್‌ಮಿ, ಒನ್‌ಪ್ಲಸ್‌ಗೆ ಪ್ಲೇ ಸ್ಟೋರ್‌ನಾಗ 'ಓಡಯಲರ್' ಐತಿ. ಹಾಕಿ, ಡೀಫಾಲ್ಟ್ ಫೋನ್ ಆ್ಯಪ್ ಅಂತ ಅದನ್ನೇ ಆರಿಸಬೇಕು. ಬ್ಯಾರೆ ಕಂಪನಿ ಫೋನಿಗೆ ಅದು ಬರಂಗಿಲ್ಲ. ಐಫೋನ್‌ಗೆ ಐಓಎಸ್ 18.1ರಿಂದ ಬಂದೈತಿ, ಅದೂ ಇಬ್ಬರಿಗೂ ಹೇಳಿಯೇ ರೆಕಾರ್ಡ್ ಮಾಡತೈತಿ.

ನನ್ನ ಕೇಳಿದ್ರ, ಗೂಗಲ್ ಡಯಲರ್ ಹೇಳಿದ್ರ ಹೇಳಲಿ. ರೆಕಾರ್ಡ್ ಆಗತೈತಿ ಅಂತ ಗೊತ್ತಿದ್ದೂ ಒಪ್ಪಿದ ಮಾತಿಗೆ ತೂಕ ಹೆಚ್ಚು. ಆದ್ರ ಅದರ ರೆಕಾರ್ಡಿಂಗ್ ಸೆಟ್ಟಿಂಗ್‌ನಾಗ ಹಳೇವು ತಾವಾಗೇ ಅಳಿಸೋ ಆಯ್ಕೆ ಇರತೈತಿ, ಅದನ್ನ ಬಂದ್ ಇಡ್ರಿ. ಜಾಗದ ಚಿಂತಿ ಬ್ಯಾಡ: 64 ಕೆಬಿಪಿಎಸ್ ಗುಣಮಟ್ಟದ ದನಿ ಆದ್ರ ನಿಮಿಷಕ್ಕ ಸುಮಾರು ಅರ್ಧ ಎಂಬಿ, ದಿನಕ್ಕ ಎರಡು ತಾಸು ಮಾತಾಡಿದ್ರೂ ತಿಂಗಳಿಗೆ ಎರಡು ಜಿಬಿ ದಾಟಂಗಿಲ್ಲ.

ಬಳ್ಳಾರಿ_ವಕಾಲತ್ತು:
ಕಾನೂನಿನ ಮಾತು. ನೀವೇ ಭಾಗಿಯಾಗಿರುವ ಕರೆಯನ್ನು ನೀವು ರೆಕಾರ್ಡ್ ಮಾಡುವುದು ಬೇರೆ, ಇನ್ನೊಬ್ಬರ ಫೋನಿಗೆ ಕದ್ದು ಆ್ಯಪ್ ಹಾಕುವುದು ಬೇರೆ. ಎರಡನೆಯದಕ್ಕೆ ಕೈ ಹಾಕಲೇಬೇಡಿ. ರೆಕಾರ್ಡ್ ಆದ ಫೋನ್ ಸಂಭಾಷಣೆಯನ್ನು ಸಾಕ್ಷ್ಯವಾಗಿ ಪರಿಗಣಿಸಬಹುದು ಎಂದು ಸುಪ್ರೀಂ ಕೋರ್ಟ್ 1972ರ ಮಲ್ಕಾನಿ ಪ್ರಕರಣದಲ್ಲೇ ಹೇಳಿದೆ. ಷರತ್ತುಗಳಿವೆ: ದನಿ ಯಾರದೆಂದು ಗುರುತಿಸುವಂತಿರಬೇಕು, ಮಾತು ವಿವಾದಕ್ಕೆ ಸಂಬಂಧಪಟ್ಟಿರಬೇಕು, ತಿದ್ದಿರಬಾರದು.

2024ರ ಜುಲೈ 1ರಿಂದ ಜಾರಿಯಲ್ಲಿರುವ ಭಾರತೀಯ ಸಾಕ್ಷ್ಯ ಅಧಿನಿಯಮದ 63ನೇ ಕಲಂ ಪ್ರಕಾರ ಇಂಥ ಫೈಲ್ ಜೊತೆ ಪ್ರಮಾಣಪತ್ರ ಬೇಕು. ಅದರಲ್ಲಿ ಎರಡು ಭಾಗ: ಒಂದನ್ನು ಫೋನ್ ಯಾರ ಸುಪರ್ದಿಯಲ್ಲಿದೆಯೋ ಅವರು ತುಂಬುತ್ತಾರೆ, ಇನ್ನೊಂದನ್ನು ತಜ್ಞರು. ಫೈಲಿನ ಹ್ಯಾಶ್ ಮೌಲ್ಯವನ್ನೂ (ಫೈಲಿನ ಬೆರಳಚ್ಚಿನಂಥ ಗುರುತಿನ ಸಂಕೇತ) ಬರೆಯಬೇಕು. ಒಂದು ಸೆಕೆಂಡ್ ಕತ್ತರಿಸಿದರೂ ಹ್ಯಾಶ್ ಬೇರೆಯಾಗುತ್ತದೆ. ಆದ್ದರಿಂದ "ಬೇಕಾದಷ್ಟೇ ಇಟ್ಟುಕೊಳ್ಳೋಣ" ಎಂದು ಮೂಲ ಫೈಲನ್ನು ಟ್ರಿಮ್ ಮಾಡಬೇಡಿ. ನಕಲನ್ನು ಪೆನ್‌ಡ್ರೈವ್‌ಗೆ ಹಾಕಿ, ಮೂಲ ಫೋನ್‌ನಲ್ಲೇ ಇರಲಿ. ವ್ಯಾಜ್ಯ ಮುಗಿಯುವವರೆಗೆ ಆ ಫೋನನ್ನು ಎಕ್ಸ್‌ಚೇಂಜ್‌ಗೆ ಕೊಡಬೇಡಿ, ರೀಸೆಟ್ ಮಾಡಬೇಡಿ.

ಕೋರ್ಟ್‌ನಲ್ಲಿ ಹೆಚ್ಚು ಸೋಲುವುದು ಮಾತು ಅಸ್ಪಷ್ಟವಾಗಿರುವುದಕ್ಕೆ. "ಹೂಂ, ಅದೇ ರೇಟು, ಕಳಿಸ್ರಿ" ಎಂದರೆ ಯಾವ ರೇಟು, ಎಷ್ಟು ಮಾಲು? ಕರೆ ಮುಗಿಸುವ ಮುನ್ನ ನೀವೇ ಪೂರ್ತಿ ಹೇಳಿ, ಅವರಿಂದ ಹೌದು ಅನ್ನಿಸಿ: ಅವರ ಹೆಸರು, ತಾರೀಖು, ಸೋನಾ ಮಸೂರಿ, 75 ಕೆಜಿಯ ಚೀಲ ಎಷ್ಟು, ಚೀಲಕ್ಕೆ ದರ, ತೇವಾಂಶಕ್ಕೆ ಕಡಿತ ಎಷ್ಟು, ತೂಕ ಯಾವ ಕಾಟಾದಲ್ಲಿ, ಹಮಾಲಿ ಯಾರದು, ಹಣ ಯಾವ ದಿನ. ಕರೆ ಮುಗಿದ ಕೂಡಲೇ ಅದನ್ನೇ ವಾಟ್ಸ್‌ಆ್ಯಪ್‌ನಲ್ಲಿ ಬರೆದು ಕಳಿಸಿ. ತಕ್‌ಪಟ್ಟಿ, ಬಿಲ್ಲು ಇದ್ದರೆ ಅವೇ ಮುಖ್ಯ ಸಾಕ್ಷ್ಯ, ರೆಕಾರ್ಡಿಂಗ್ ಅದಕ್ಕೆ ಆಧಾರವಾಗಿ ನಿಲ್ಲುತ್ತದೆ.

ಸಿಂಧನೂರು_ಭತ್ತ:
ಬಾಳ ಉಪಕಾರ ಆತ್ರಿ ಎಲ್ಲರಿಗೂ. ಕೆಲವರು ವಾಟ್ಸ್‌ಆ್ಯಪ್ ಕಾಲ್‌ನಾಗೇ ಮಾತಾಡ್ತಾರ. ಅದು ಈ ಡಯಲರ್‌ನಾಗ ಬರ್ತದೇನು?

ರಾಯಚೂರು_ಮೊಬೈಲ್_ಸರ್ವಿಸ್:
ಬರಂಗಿಲ್ಲ. ಅದು ಇಂಟರ್ನೆಟ್ ಮ್ಯಾಲ ನಡಿಯೋ ಕರೆ, ಡಯಲರ್‌ಗೆ ಅದರ ದನಿ ಸಿಗಂಗಿಲ್ಲ. ದರದ ಮಾತಿಗೆ "ಮಾಮೂಲಿ ಕಾಲ್ ಮಾಡ್ರಿ" ಅನ್ರಿ. ಆಗಲಿಲ್ಲ ಅಂದ್ರ ಲೌಡ್‌ಸ್ಪೀಕರ್ ಹಾಕಿ, ಇನ್ನೊಂದು ಫೋನ್‌ನ ವಾಯ್ಸ್ ರೆಕಾರ್ಡರ್ ಒಂದು ಗೇಣು ದೂರ ಇಡ್ರಿ. ವಾಲ್ಯೂಮ್ ಪೂರ್ತಿ ಏರಿಸಬ್ಯಾಡ್ರಿ, ದನಿ ಒಡೀತದ. ಮಿಲ್ ಸದ್ದು, ಫ್ಯಾನ್ ಗಾಳಿ ಇಲ್ಲದ ಕಡೆ ಕುಂತು ಮಾಡ್ರಿ. ಮೊದಲು ಮನಿಯವರಿಗೆ ಕರೆ ಮಾಡಿ ಒಂದು ನಿಮಿಷ ರೆಕಾರ್ಡ್ ಹಾಕಿ ಕೇಳಿ ನೋಡ್ರಿ.