ಸಯನೈಡ್ ಮೋಹನ ಪ್ರಕರಣ: ಇಪ್ಪತ್ತು ಸಾವುಗಳ ನಡುವಿನ ನಂಟು ಅಷ್ಟು ವರ್ಷ ಏಕೆ ಕಾಣಲಿಲ್ಲ?

ಪ್ರಶ್ನೆ:
ದಕ್ಷಿಣ ಕನ್ನಡದಲ್ಲಿ ಪ್ರಾಥಮಿಕ ಶಾಲಾ ಶಿಕ್ಷಕನಾಗಿದ್ದ ಮೋಹನ್ ಕುಮಾರ್ 2009ರ ಅಕ್ಟೋಬರ್‌ನಲ್ಲಿ ಸೆರೆ ಸಿಕ್ಕುವ ಹೊತ್ತಿಗೆ 20 ಹೆಣ್ಣುಮಕ್ಕಳು ಅವನ ಕೈಯಿಂದ ವಿಷ ತೆಗೆದುಕೊಂಡು ಸತ್ತಿದ್ದರು. ಮೈಸೂರಿನ ಲಷ್ಕರ್ ಮೊಹಲ್ಲಾದ ಬಸ್ ನಿಲ್ದಾಣವೊಂದರಲ್ಲೇ ಎಂಟು ಶವಗಳು ಸಿಕ್ಕಿದ್ದವು, ಬೆಂಗಳೂರಿನ ಕೆಂಪೇಗೌಡ ನಿಲ್ದಾಣದಲ್ಲಿ ಐದು. ಒಂದೇ ಜಾಗದಲ್ಲಿ, ಒಂದೇ ರೀತಿಯಲ್ಲಿ ಎಂಟು ಯುವತಿಯರು ಸತ್ತರೂ ಅನುಮಾನ ಹುಟ್ಟದೇ ಹೋದದ್ದು ಹೇಗೆ?

ಮೊದಲ ಉತ್ತರ:
ಒಳಗಿನಿಂದ ಚಿಲಕ ಹಾಕಿದ ಶೌಚಾಲಯ, ಮೈಮೇಲೆ ಗಾಯವಿಲ್ಲ, ಗುರುತು ಹೇಳುವವರಿಲ್ಲ. ಇಂಥ ಸಾವು ಆಗ ಜಾರಿಯಲ್ಲಿದ್ದ ದಂಡ ಪ್ರಕ್ರಿಯಾ ಸಂಹಿತೆಯ 174ನೇ ಕಲಮಿನಡಿ ಅಸಹಜ ಸಾವು, ಅಂದರೆ ಯುಡಿಆರ್, ಎಂದು ದಾಖಲಾಗುತ್ತಿತ್ತು. ಆತ್ಮಹತ್ಯೆ ಎಂದು ಒಮ್ಮೆ ಬರೆದುಬಿಟ್ಟರೆ ಕಡತ ಬಹುತೇಕ ಅಲ್ಲಿಗೇ ನಿಲ್ಲುತ್ತದೆ. ಗರ್ಭ ನಿಲ್ಲದಂತೆ ತಡೆಯುವ ಮಾತ್ರೆ ಎಂದು ನಂಬಿಸಿ, ಅದನ್ನು ಶೌಚಾಲಯದ ಬಳಿಯೇ ನುಂಗಬೇಕೆಂದು ಅವನು ಹೇಳುತ್ತಿದ್ದುದರಿಂದ, ಆ ಮುಚ್ಚಿದ ಬಾಗಿಲೇ ಅವನ ಪರವಾಗಿ ಸುಳ್ಳುಸಾಕ್ಷಿ ನುಡಿಯುತ್ತಿತ್ತು. ಶವ ಒಂದು ಜಿಲ್ಲೆಯಲ್ಲಿ, ಮನೆ ಇನ್ನೊಂದು ಜಿಲ್ಲೆಯಲ್ಲಿ. ಎರಡು ಠಾಣೆಗಳ ಕಡತಗಳನ್ನು ಪಕ್ಕಪಕ್ಕದಲ್ಲಿಟ್ಟು ನೋಡುವವರಿರಲಿಲ್ಲ. ವಿಧಾನ ಜಾಣತನದ್ದೇ ಇರಬಹುದು, ಆದರೆ ಎಂಟನೆಯ ಶವದ ಹೊತ್ತಿಗೂ ಅದೇ ಷರಾ ಬರೆದದ್ದನ್ನು ನಾನು ಅಲಕ್ಷ್ಯವೆಂದೇ ಕರೆಯುತ್ತೇನೆ.

ಎರಡನೆಯ ಉತ್ತರ:
ಮೇಲಿನ ಮಾತು ನಿಜವೇ, ಆದರೆ ತಪ್ಪು ಠಾಣೆಯಲ್ಲೇ ಶುರುವಾಗಲಿಲ್ಲ. ನಾನು ಕರಾವಳಿಯವಳು. ವರದಕ್ಷಿಣೆ ಹೊಂದಿಸಲಾಗದೆ ಮದುವೆ ಮುಂದಕ್ಕೆ ಹೋಗುತ್ತಲೇ ಇರುವ ಮನೆಯಲ್ಲಿ, ಸರಕಾರಿ ನೌಕರಿಯ, ನಮ್ಮದೇ ಜಾತಿಯ, ಕಾಸೂ ಕೇಳದ ಗಂಡೊಬ್ಬ ಸಿಕ್ಕಿದನೆಂದರೆ ಏನು ಅರ್ಥವೆಂದು ನಮಗೆ ಗೊತ್ತು. ಅವನು ಪ್ರತಿಯೊಬ್ಬಳಿಗೂ ಬೇರೆ ಹೆಸರು ಹೇಳಿ, ಅವಳ ಜಾತಿಯನ್ನೇ ತನ್ನದೆಂದು ಹೇಳಿಕೊಂಡ. ಹುಡುಗಿ ಬಂಗಾರ ಹಾಕಿಕೊಂಡು ಹೊರಟಳು. ಹಿಂದಿನಿಂದ ಊರು ‘ಓಡಿ ಹೋದಳು’ ಎಂದಿತು. ಆ ಒಂದು ಮಾತು ಅಂಟಿದ ಮೇಲೆ ಮರ್ಯಾದೆಗೆ ಅಂಜಿದ ಎಷ್ಟೋ ತಂದೆತಾಯಿಗಳು ದೂರನ್ನೇ ಕೊಡುವುದಿಲ್ಲ, ಎಲ್ಲೋ ಸಂಸಾರ ಮಾಡಿಕೊಂಡು ಸುಖವಾಗಿದ್ದಾಳೆಂದು ನಂಬಲು ಬಯಸುತ್ತಾರೆ.

2009ರ ಜೂನ್‌ನಲ್ಲಿ ಬಂಟ್ವಾಳ ತಾಲ್ಲೂಕಿನ ಯುವತಿಯೊಬ್ಬಳು ಕಾಣೆಯಾದಾಗ ಮಾತ್ರ ಜನ ಸುಮ್ಮನಿರಲಿಲ್ಲ. ಅನ್ಯಕೋಮಿನವನ ಜೊತೆ ಹೋಗಿದ್ದಾಳೆಂಬ ವದಂತಿ ಎದ್ದು, ಪ್ರತಿಭಟನೆ ನಡೆದು, ಪೊಲೀಸರು ಮೊಬೈಲ್ ಕರೆಗಳ ಜಾಡು ಹಿಡಿದರು. ವದಂತಿ ಸುಳ್ಳಾಗಿತ್ತು. ಕಾಣೆಯಾದ ಒಬ್ಬ ಹೆಣ್ಣುಮಗಳ ಫೋನಿನಿಂದ ಇನ್ನೊಬ್ಬಳ ಫೋನಿಗೆ ದಾರಿ ತೆರೆಯುತ್ತಾ ಹೋಗಿ ಕೊನೆಗೆ ಅವನು ಸಿಕ್ಕಿದ.

ಪ್ರಶ್ನೆ ಕೇಳಿದವರ ಮರುನುಡಿ:
ಇಬ್ಬರಿಗೂ ಕೃತಜ್ಞತೆಗಳು. 2013ರ ಡಿಸೆಂಬರ್‌ನಲ್ಲಿ ಮಂಗಳೂರಿನ ನ್ಯಾಯಾಲಯ ವಿಧಿಸಿದ ಗಲ್ಲು ಶಿಕ್ಷೆಯನ್ನು ಒಂದು ಪ್ರಕರಣದಲ್ಲಿ ಹೈಕೋರ್ಟ್ 2017ರಲ್ಲಿ ಜೀವಾವಧಿಗೆ ಇಳಿಸಿತೆಂದೂ, ಇಪ್ಪತ್ತನೆಯ ಪ್ರಕರಣದ ತೀರ್ಪು 2020ರ ಜೂನ್‌ನಲ್ಲಷ್ಟೇ ಬಂತೆಂದೂ ಓದಿದ್ದೆ. ಕೊಂದವನಿಗೆ ನಾವು ಅಡ್ಡಹೆಸರಿಟ್ಟು ನೆನಪಿಟ್ಟುಕೊಂಡಿದ್ದೇವೆ. ಆ ಇಪ್ಪತ್ತು ಮಂದಿಯಲ್ಲಿ ಒಬ್ಬಳ ಹೆಸರೂ ಪ್ರಶ್ನೆ ಬರೆಯುವಾಗ ನನಗೆ ತಿಳಿದಿರಲಿಲ್ಲ.